ಮುಖ ಬೇಡ, ಕೈ ಮಾತ್ರ

ಕೊಯಮತ್ತೂರಿನ ಬಳಿಯ ಸಿರುಮುಗೈಯ ನಮ್ಮ ನೇಕಾರರ ಬೀದಿಯಲ್ಲಿ ಸೀರೆ ನೋಡಿ ನೇಯ್ದವರು ಯಾರೆಂದು ಹೇಳುವುದು ದೊಡ್ಡ ವಿದ್ಯೆಯಾಗಿರಲಿಲ್ಲ. ಅಮ್ಮನಿಗಂತೂ ನೋಡುವುದೂ ಬೇಕಿರಲಿಲ್ಲ. ಮಗ್ಗದಿಂದ ಇಳಿಸಿದ ಸೀರೆಯ ಅಂಚಿನ ಮೇಲೆ ಹೆಬ್ಬೆರಳು ಓಡಿಸಿ, ಇದು ನಿಮ್ಮಪ್ಪನದು, ಇದು ಎದುರು ಮನೆಯವರದು ಎನ್ನುತ್ತಿದ್ದಳು. ನಾನು ಏಳನೆಯ ಕ್ಲಾಸಿನಲ್ಲಿದ್ದಾಗ ಅಪ್ಪನಿಗೆ ಕಾಮಾಲೆ ಆಯಿತು. ಅರ್ಧ ನೇಯ್ದಿದ್ದ ಸೀರೆಯನ್ನು ಚಿಕ್ಕಪ್ಪ ಬಂದು ಮುಗಿಸಿಕೊಟ್ಟರು. ಅಮ್ಮ ಅದನ್ನು ಮಡಿಸುವಾಗ ಅಂಚಿನುದ್ದಕ್ಕೂ ಬೆರಳು ಎಳೆದುಕೊಂಡು ಬಂದಳು, ಒಂದು ಕಡೆ ನಿಲ್ಲಿಸಿದಳು. "ಇಲ್ಲಿ ಕೈ ಮಾರಿ ಐತೆ" ಎಂದಳು. ಕೈ ಬದಲಾಗಿದೆ ಎಂದು ಅರ್ಥ. ನಮ್ಮ ಮನೆಯ ಕನ್ನಡದಲ್ಲಿ ತಮಿಳು ಹಾಲಿಗೆ ನೀರು ಬೆರೆತ ಹಾಗೆ ಬೆರೆತಿದೆ. ಸೀರೆ ಕೊಳ್ಳುವ ವ್ಯಾಪಾರಿಗೆ ಅದು ಗೊತ್ತಾಗಲಿಲ್ಲ. ಚಿಕ್ಕಪ್ಪ ಮಾತ್ರ ಕಳ್ಳತನದಲ್ಲಿ ಸಿಕ್ಕವರಂತೆ ನಕ್ಕರು.

ಇಂಥ ಮನೆಯಲ್ಲಿ ಹುಟ್ಟಿ ಬೆಳೆದವನು ನಾನು. ಮುಂದೆ ಹೇಳುವ ತಪ್ಪನ್ನು ಬೇರೆ ಯಾವ ಕ್ಯಾಮೆರಾದವನು ಮಾಡಿದ್ದರೂ ಪಾಪ, ಅವನಿಗೇನು ಗೊತ್ತು ಎನ್ನಬಹುದಿತ್ತು. ನನ್ನ ವಿಷಯದಲ್ಲಿ ಹಾಗೆನ್ನಲು ಬರುವುದಿಲ್ಲ.

ಮಗ್ಗದಿಂದ ನಾನು ಓಡಿಹೋದವನು. ಮಗ್ಗದ ಗುಳಿಯಲ್ಲಿ ಕಾಲಿಳಿಸಿ ಕೂತರೆ ಜೋಮು ಹಿಡಿಯುತ್ತದೆ ಎಂಬುದು ನನ್ನ ನೆಪ. ನಿಜವಾದ ಕಾರಣ ಸೋಮಾರಿತನ. ಮೇಟ್ಟುಪಾಳಯಂನ ಒಂದು ಸ್ಟುಡಿಯೋದಲ್ಲಿ ಮದುವೆ ವಿಡಿಯೋ ತೆಗೆಯಲು ಸೇರಿದೆ. ಮಗಳನ್ನು ಒಪ್ಪಿಸಿಕೊಡುವಾಗ ತಂದೆಯ ಗಂಟಲು ಯಾವ ಕ್ಷಣಕ್ಕೆ ಕಟ್ಟುತ್ತದೆ ಎಂದು ಮೊದಲೇ ಊಹಿಸಿ ಅಲ್ಲಿಗೆ ಕ್ಯಾಮೆರಾ ತಿರುಗಿಸಿಕೊಂಡು ಕಾಯುವುದನ್ನು ಅಲ್ಲಿ ಕಲಿತೆ. ಆಮೇಲೆ ಬೆಂಗಳೂರಿನಲ್ಲಿ ಸಾಕ್ಷ್ಯಚಿತ್ರ ತೆಗೆಯುವ ಒಬ್ಬ ಹಿರಿಯರ ಹಿಂದೆ ಟ್ರೈಪಾಡ್ ಹೊತ್ತುಕೊಂಡು ಆರು ವರ್ಷ ತಿರುಗಿದೆ. ಕನ್ನಡ ಅಕ್ಷರ ಕಲಿತದ್ದು ಅಲ್ಲಿನ ಬಸ್ಸುಗಳ ಬೋರ್ಡು ಓದಿ, ಇಪ್ಪತ್ತೆರಡನೆಯ ವಯಸ್ಸಿನಲ್ಲಿ. ನಮ್ಮ ಮನೆಯಲ್ಲಿ ಕನ್ನಡ ಮಾತಾಡಲು ಎಲ್ಲರಿಗೂ ಬರುತ್ತದೆ, ಓದಲು ನನ್ನೊಬ್ಬನಿಗೆ. ಇದನ್ನು ಕನ್ನಡದಲ್ಲಿ ಬರೆಯುತ್ತಿರುವುದಕ್ಕೆ ಅದೂ ಒಂದು ಕಾರಣ. ಇದರಲ್ಲಿ ಬರುವ ಯಾರೂ ಇದನ್ನು ಓದಲಾರರು. ಧೈರ್ಯವೋ ಹೇಡಿತನವೋ, ನೀವೇ ತೀರ್ಮಾನಿಸಿ.

ಕೊಯಮತ್ತೂರಿಗೆ ಹಿಂದಿರುಗಿದ ಮೇಲೆ ಸ್ವಂತ ಕ್ಯಾಮೆರಾ ತೆಗೆದುಕೊಂಡು ಯಾರು ಕರೆದರೆ ಅವರ ಜೊತೆ ಹೋಗುವುದು ನನ್ನ ವೃತ್ತಿಯಾಯಿತು. ಸಾಕ್ಷ್ಯಚಿತ್ರದ ಛಾಯಾಗ್ರಾಹಕ ಎಂದರೆ ಜನ ಹುಲಿಯ ಹಿಂದೆ ಓಡುವವನು ಎಂದುಕೊಳ್ಳುತ್ತಾರೆ. ಹುಲಿಯನ್ನು ನಾನು ಈವರೆಗೆ ನೋಡಿಲ್ಲ. ಪೊಳ್ಳಾಚಿ ಸಂತೆಯಲ್ಲಿ ಎಮ್ಮೆಯ ಬಾಲದಿಂದ ಮುಖಕ್ಕೆ ಹೊಡೆಸಿಕೊಂಡಿದ್ದೇನೆ. ತೆಂಗಿನ ನಾರು ನೆನೆಹಾಕಿದ ಗುಂಡಿಯ ಪಕ್ಕದಲ್ಲಿ ಮೂಗು ಮುಚ್ಚಿಕೊಂಡು ಮೂರು ದಿನ ಕೂತಿದ್ದೇನೆ. ಈ ಕೆಲಸದಲ್ಲಿ ನಾನು ಮದುವೆ ಮನೆಯ ಅಡುಗೆಯವನ ಹಾಗೆ. ಬೇಯಿಸಿ ಇಳಿಸುವುದಷ್ಟೇ ನನ್ನದು. ಯಾರಿಗೆ ಬಡಿಸಬೇಕು, ಎಷ್ಟು ಬಡಿಸಬೇಕು ಎನ್ನುವವರು ಬೇರೆ. ಚಿತ್ರೀಕರಣ ಮುಗಿದ ದಿನ ಹಾರ್ಡ್ ಡಿಸ್ಕ್ ಕೈಬಿಟ್ಟು ಹೋದರೆ, ಅದರೊಳಗಿರುವ ಒಂದು ಕ್ಷಣದ ಮೇಲೂ ನನಗೆ ಹಕ್ಕಿಲ್ಲ. ಇದು ಒಪ್ಪಂದದ ಕಾಗದದಲ್ಲಿ ಇರುತ್ತದೆ. ಸಹಿ ಹಾಕುವಾಗ ಯಾರು ಓದುತ್ತಾರೆ?

ಕೆಲವು ವರ್ಷಗಳ ಹಿಂದೆ ಚೆನ್ನೈಯಿಂದ ಒಬ್ಬ ನಿರ್ದೇಶಕಿ ಬಂದರು. ವಯಸ್ಸಿನಲ್ಲಿ ನನಗಿಂತ ಬಹಳ ಚಿಕ್ಕವರು, ಮಾತು ಕಡಿಮೆ, ಕೆಲಸದಲ್ಲಿ ಪ್ರಾಮಾಣಿಕರು. ತಿರುಪ್ಪೂರಿನ ಬನಿಯನ್ ಕಂಪನಿಗಳಲ್ಲಿ ದುಡಿಯುವ ಹೆಂಗಸರ ಬಗ್ಗೆ ಅವರ ಚಿತ್ರ. ಅಲ್ಲಿ ಹೊಲಿದ ಬಟ್ಟೆ ಹೊರದೇಶಕ್ಕೆ ಹೋಗುತ್ತದೆ. ಕೊಳ್ಳುವವರ ಕಡೆಯವರು ಆಗಾಗ ಬಂದು ಕಂಪನಿ ನೋಡಿಕೊಂಡು ಹೋಗುತ್ತಾರೆ. ಅದಕ್ಕೆ ಅಲ್ಲಿ ಎಲ್ಲರೂ ಆಡಿಟ್ ಎನ್ನುತ್ತಾರೆ. ಆಡಿಟ್ ದಿನ ಕಂಪನಿ ಹೇಗೆ ವೇಷ ಹಾಕಿಕೊಳ್ಳುತ್ತದೆ ಎಂಬುದನ್ನು ಒಳಗಿನವರೊಬ್ಬರ ಬಾಯಿಂದಲೇ ಹೇಳಿಸಬೇಕು ಎಂಬುದು ನಿರ್ದೇಶಕಿಯ ಆಸೆ. ಎರಡು ವಾರ ಹುಡುಕಿದೆವು. ಕಾಫಿ ಕೊಟ್ಟವರಿದ್ದರು, ಕಷ್ಟ ಹೇಳಿಕೊಂಡವರಿದ್ದರು. ಕ್ಯಾಮೆರಾ ಎಂದ ಕೂಡಲೇ ಎಲ್ಲರಿಗೂ ಒಲೆಯ ಮೇಲಿಟ್ಟದ್ದು ನೆನಪಾಗುತ್ತಿತ್ತು. ಅವರನ್ನು ದೂರುವಂತೆಯೂ ಇರಲಿಲ್ಲ.

ಒಂದು ಭಾನುವಾರ ರೇಷನ್ ಅಂಗಡಿಯ ಮುಂದೆ ನಿಂತು ಅಮ್ಮನ ಜೊತೆ ಫೋನಿನಲ್ಲಿ ಮಾತಾಡುತ್ತಿದ್ದೆ. ಫೋನಿಟ್ಟ ಮೇಲೆ ಸಾಲಿನಲ್ಲಿ ನಿಂತಿದ್ದ ಹೆಂಗಸೊಬ್ಬಳು, "ನೀನು ನಮ್ ಮಾತಾಡ್ತೀಯಾ ಅಣ್ಣಾ? ಯಾವೂರು?" ಎಂದು ಕೇಳಿದಳು. ಮೂವತ್ತೈದರ ಆಸುಪಾಸು. ಊರು ಹೇಳಿದೆ. ಅವಳ ಮುಖ ಅರಳಿತು. ಅವಳ ತವರೂ ಸಿರುಮುಗೈ, ನಮ್ಮ ಹಿಂದಿನ ಬೀದಿಯ ಕೊನೆಯ ಮನೆ. ಹತ್ತೊಂಬತ್ತಕ್ಕೆ ಮದುವೆಯಾಗಿ ತಿರುಪ್ಪೂರಿಗೆ ಬಂದವಳು. ಎರಡನೆಯ ಪ್ರಶ್ನೆ, ನಮ್ಮವರಲ್ಲಿ ತಪ್ಪದೆ ಬರುವ ಪ್ರಶ್ನೆ: "ಯಾವ ಕುಲ?" ಒಂದೇ ಕುಲದವರಾದರೆ ಅಣ್ಣ ತಂಗಿ, ಬೇರೆಯಾದರೆ ಮಾವನ ಮಗನ ಸಲುಗೆ ಇಲ್ಲವೇ ಸಂಕೋಚ, ಅದು ತಿಳಿಯುವ ತನಕ ನಮ್ಮ ಹೆಂಗಸರಿಗೆ ಎಷ್ಟು ಮಾತಾಡಬೇಕೆಂದು ಗೊತ್ತಾಗುವುದಿಲ್ಲ. ನಾನು ಹೇಳಿದೆ. "ಅಂಗಂದ್ರೆ ನೀನು ಅಣ್ಣನೇ ಆಗ್ಬೇಕು" ಎಂದಳು. ಅಲ್ಲಿಗೆ ಲೆಕ್ಕ ಮುಗಿಯಿತು. ಬರಿಯ ಬಾಯಿಮಾತಿನ ಅಣ್ಣ ಅಲ್ಲ, ಕೇಳಿ ಖಾತ್ರಿ ಮಾಡಿಕೊಂಡ ಅಣ್ಣ.

ಅವಳು ಕಂಪನಿಗೆ ಕೈಮಡಿಯಾಗಿ, ಅಂದರೆ ಟೈಲರ್ ಹೊಲಿದದ್ದನ್ನು ಎತ್ತಿ ಮಡಿಸಿಕೊಡುವ ಸಹಾಯಕಿಯಾಗಿ ಸೇರಿದ್ದಳು. ಊಟದ ಬಿಡುವಿನಲ್ಲಿ ಬೇರೆಯವರ ಮಷಿನ್ ಮೇಲೆ ಕೂತು ಕಲಿತು ಕಲಿತು ಓವರ್‌ಲಾಕ್ ಟೈಲರ್ ಆಗಿದ್ದಳು. ಲೈನಿನ ಕೊನೆಯಲ್ಲಿ, ಕಿಟಕಿಯ ಪಕ್ಕ, ತಲೆಯ ಮೇಲೆ ಫ್ಯಾನ್ ಇರುವ ಜಾಗ ತನ್ನದು ಎಂದು ಮನೆ ಕಟ್ಟಿಸಿದವಳ ಹಾಗೆ ಹೇಳಿದಳು. ಗಂಡನಿಗೆ ಬಣ್ಣ ಹಾಕುವ ಘಟಕದಲ್ಲಿ ಕೆಲಸ, ಇದ್ದರೆ ಇತ್ತು ಇಲ್ಲದಿದ್ದರೆ ಇಲ್ಲ. ಅತ್ತೆ ಹಾಸಿಗೆ ಹಿಡಿದಿದ್ದರು. ಮನೆ ನಡೆಯುತ್ತಿದ್ದದ್ದು ಆ ಕಿಟಕಿಯ ಪಕ್ಕದ ಮಷಿನ್ನಿನಿಂದ.

ಚಿತ್ರದ ವಿಷಯ ನಾನು ಬಾಯಿಬಿಟ್ಟೆ. ಅವಳು ಒಡನೆ ಇಲ್ಲ ಎನ್ನಲಿಲ್ಲ. ಹೋದ ತಿಂಗಳ ಆಡಿಟ್ ದಿನ ದಾಖಲೆಯಲ್ಲಿ ಹೆಸರಿಲ್ಲದ ವಯಸ್ಸಾದ ಹೆಂಗಸರನ್ನೆಲ್ಲ ಎಂದಿನಂತೆ ಮಾಳಿಗೆಗೆ ಕಳಿಸಿದ್ದರಂತೆ, ನೀರಿನ ಟ್ಯಾಂಕಿನ ಮಗ್ಗುಲಲ್ಲಿ ಅವಿತು ಕೂರಲು. ಅವಳಿಗೆ ಕೆಲಸ ಕಲಿಸಿದ ಅಜ್ಜಿಯೊಬ್ಬರು ಅಲ್ಲೇ ತಲೆ ಸುತ್ತಿ ಬಿದ್ದರಂತೆ. "ಕೆಳಗೆ ಬಂದೋರ್ಗೆ ಇಳನೀರು, ಫ್ಯಾನು. ಮ್ಯಾಲೆ ಕೂತೋರ್ಗೆ ಬಿಸ್ಲು. ಇದನ್ನ ಯಾರಾದ್ರೂ ಏಳ್ಬೇಕಲ್ಲಣ್ಣಾ?" ಎಂದಳು. ಆಮೇಲೆ, "ಮೊಕ ಬ್ಯಾಡ. ಕೈ ಬೇಕಂದ್ರೆ ಎಡುತ್ಕೋ. ನಾನೂಂತ ತೆರಿದ್ರೆ ನನ್ ವೇಲೆ ಓಯ್ತು" ಎಂದಳು. ಕೈಯನ್ನು ಬೇಕಾದರೆ ತೆಗೆದುಕೋ, ತಾನೆಂದು ಗೊತ್ತಾದರೆ ಕೆಲಸ ಹೋಯಿತು ಎಂದು ಇಷ್ಟು ನೇರವಾಗಿ ಹೇಳಿದ್ದಳು.

"ನನ್ನ ಮ್ಯಾಲೆ ಬಿಡಮ್ಮಾ" ಎಂದೆ.

"ಅಣ್ಣ ಅಂದ್ಮ್ಯಾಲೆ ಬಿಟ್ಟೆ."

ಮುಂದಿನ ಭಾನುವಾರ ಅವಳ ಮನೆಯ ಹತ್ತಿರದ ಕೋಣೆಯೊಂದರಲ್ಲಿ ಚಿತ್ರೀಕರಣ. ಅವಳ ಪರಿಚಯದವರದ್ದು, ಎರಡು ಓವರ್‌ಲಾಕ್ ಮಷಿನ್ ಇಟ್ಟುಕೊಂಡು ಸಣ್ಣಪುಟ್ಟ ಕೆಲಸ ಮಾಡುತ್ತಿದ್ದರು, ಆ ದಿನ ರಜೆ. ನಾನು ಎಷ್ಟು ಎಚ್ಚರ ವಹಿಸಿದೆ ಎಂದರೆ ನಿರ್ದೇಶಕಿಗೇ ನಗು ಬಂತು. ಬಳೆ ತೆಗೆಸಿದೆ. ಮಣಿಕಟ್ಟಿನಲ್ಲಿದ್ದ ಮಚ್ಚೆಗೆ ಪೌಡರ್ ಹಚ್ಚಿಸಿದೆ. ಅವಳ ಸೀರೆ ಬೇಡವೆಂದು ಪಕ್ಕದ ಮನೆಯಿಂದ ಬೇರೆ ಸೀರೆ ತರಿಸಿದೆ. ಗೋಡೆಯ ಕ್ಯಾಲೆಂಡರ್ ಇಳಿಸಿದೆ, ನೂಲಿನ ಕೋನಿನ ಚೀಟಿ ಕಿತ್ತೆ. ನಾನು ಕ್ಯಾಮೆರಾ ಎತ್ತಿದ ಕೂಡಲೇ ಅವಳು ಸೆರಗನ್ನು ತಲೆಯ ಮೇಲಿಂದ ಎಳೆದು ಮುಖ ಮುಚ್ಚಿಕೊಂಡಳು. ಬೇಡಮ್ಮಾ, ಮುಖ ಇದರಲ್ಲಿ ಬರುವುದೇ ಇಲ್ಲ ಎಂದು ಪರದೆಯನ್ನು ತೋರಿಸಿದೆ. ನೋಡಿದಳು, ಆದರೂ ಸೆರಗು ತೆಗೆಯಲಿಲ್ಲ. ಸೆರಗಿನೊಳಗಿನಿಂದಲೇ ಅಷ್ಟೂ ಹೇಳಿದಳು. ದನಿಯನ್ನು ಆಮೇಲೆ ಬದಲಾಯಿಸುವುದು ಎಂದಾಗಿತ್ತು.

ಮಾತು ಮುಗಿದ ಮೇಲೆ ಹೊಲಿಯುವ ಕೈಗಳ ಚಿತ್ರಗಳು ಬೇಕಿದ್ದವು. ಅವಳು ಹೊಲಿಯತೊಡಗಿದಳು. ನಡುವೆ ಒಂದು ಕೋನಿನ ನೂಲು ಮುಗಿಯಿತು. ಹೊಸ ನೂಲಿಗೆ ಹಳೆಯದರ ತುದಿ ಗಂಟು ಹಾಕಿ ಎಳೆದುಕೊಳ್ಳುವುದು ಎಲ್ಲ ಟೈಲರುಗಳೂ ಮಾಡುವುದೇ. ಆದರೆ ಅವಳು ಹಾಕಿದ ಗಂಟು ಟೈಲರಿನದಾಗಿರಲಿಲ್ಲ. ಎರಡು ತುದಿಗಳನ್ನು ಎಡಗೈಯ ಹೆಬ್ಬೆರಳು ತೋರುಬೆರಳುಗಳ ನಡುವೆ ಅಡ್ಡ ಹಿಡಿದು, ಹೆಬ್ಬೆರಳ ಉಗುರಿನ ಮೇಲಿಂದ ನೂಲು ಸುತ್ತಿ, ತುದಿಯನ್ನು ಅದರೊಳಗೆ ಒತ್ತಿ, ಎಳೆದಳು. ಕಣ್ಣು ಮಿಟುಕಿಸುವಷ್ಟರಲ್ಲಿ ಆಗಿಹೋಯಿತು. ಕೊನೆಗೆ ಗಂಟನ್ನು ಉಗುರಿನಿಂದ ಎರಡು ಸಲ ಮೀಟಿ ನೋಡಿದಳು. ಅದು ಮಗ್ಗದವರ ಗಂಟು. ಎಳೆ ಕಡಿದಾಗ ಅಮ್ಮ ದಿನಕ್ಕೆ ನೂರು ಸಲ ಹಾಕುತ್ತಿದ್ದ ಗಂಟು. ಇಪ್ಪತ್ತು ವರ್ಷಗಳಲ್ಲಿ ಅದು ನನ್ನ ಕ್ಯಾಮೆರಾಕ್ಕೆ ಸಿಕ್ಕಿರಲಿಲ್ಲ.

ನಿರ್ದೇಶಕಿ ಅದನ್ನು ಗಮನಿಸಿರಲೂ ಇಲ್ಲ, ತಮ್ಮ ಪುಸ್ತಕದಲ್ಲಿ ಏನೋ ಗೀಚಿಕೊಳ್ಳುತ್ತಿದ್ದರು. ಹಾಗಾಗಿ ಈ ಪಾಪದಲ್ಲಿ ಅವರಿಗೆ ಪಾಲಿಲ್ಲ. "ಇನ್ನೊಂದು ಸಲ ಆಕಮ್ಮಾ" ಎಂದವನು ನಾನು. ಲೆನ್ಸ್ ಬದಲಿಸಿದವನು ನಾನು. ಕಿಟಕಿಯ ಬೆಳಕು ಉಗುರಿನ ಮೇಲೆ ಬೀಳುವಂತೆ ಸ್ಟೂಲನ್ನು ಒಂದು ಗೇಣು ಸರಿಸಿದವನೂ ನಾನೇ. ಹನ್ನೊಂದು ಸಲ ಹಾಕಿಸಿದೆ. ಅವಳು ಸೆರಗಿನೊಳಗೆ ನಗುತ್ತ, "ಇದ್ರಲ್ಲೇನೈತೆ ಅಂತ ಇಷ್ಟು ಕಿತ ಎಡುಕ್ತೀಯಾ? ನಮ್ ಲೈನಲ್ಲಿ ಎಲ್ರೂ ಗಂಟಿಗೆ ನನ್ನೇ ಕೂಗ್ತಾರೆ. ಅವರ್ ಗಂಟು ಸೂಜೀಲಿ ಸಿಕ್ಕೊಳ್ತೈತೆ, ನಂದು ಓಗ್ಬಿಡ್ತೈತೆ" ಎಂದಳು.

ಈ ಮಾತನ್ನು ನಾನು ಕೇಳಿಸಿಕೊಂಡೆ. ಕಿವಿಗೆ ಹಾಕಿದ್ದ ಹೆಡ್‌ಫೋನಿನಲ್ಲಿ ಸ್ಪಷ್ಟವಾಗಿ ಕೇಳಿಸಿಕೊಂಡೆ. ಇಡೀ ಲೈನಿಗೆ ಗೊತ್ತಿರುವ ಗಂಟು ಎಂದು ಅವಳು ಬಾಯಿಬಿಟ್ಟು ಹೇಳುತ್ತಿದ್ದಳು. ನಾನು ಫೋಕಸ್ ಸರಿಮಾಡುತ್ತಿದ್ದೆ.

ಮೂರು ತಿಂಗಳಾದ ಮೇಲೆ ಬಣ್ಣ ಬೆಳಕು ಸರಿಯಿದೆಯೇ ನೋಡಿ ಹೇಳಿ ಎಂದು ಚಿತ್ರವನ್ನು ನನಗೆ ಕಳಿಸಿದರು. ಇನ್ನೂ ಎಲ್ಲಿಯೂ ತೋರಿಸಿರಲಿಲ್ಲ, ಹತ್ತು ದಿನ ಸಮಯವಿತ್ತು. ನಾನು ಆಗ ಸಿರುಮುಗೈಯಲ್ಲಿದ್ದೆ. ಜಗುಲಿಯ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ನೋಡುತ್ತಿದ್ದಾಗ ಅಮ್ಮ ಅವರೆಕಾಯಿ ಸುಲಿಯುತ್ತ ಪಕ್ಕದಲ್ಲಿ ಕೂತಳು. ಗಂಟಿನ ಚಿತ್ರ ಪರದೆಯ ತುಂಬ ಬಂತು. ಅದರ ಮೇಲೆ ಬದಲಾಯಿಸಿದ ದನಿ ಮಾಳಿಗೆಯ ಬಿಸಿಲಿನ ಕಥೆ ಹೇಳುತ್ತಿತ್ತು.

"ತಿರುಗಾ ಆಕು" ಎಂದಳು ಅಮ್ಮ.

ಹಾಕಿದೆ. ಅವಳು ಸುಲಿಯುವುದನ್ನು ನಿಲ್ಲಿಸಿ ಮುಂದಕ್ಕೆ ಬಾಗಿದಳು. "ಇವ್ಳು ಹಿಂದಿನ್ ಬೀದಿ ಕೊನೆ ಮನೆಯೋಳಲ್ಲವೇನೋ? ಅವರಜ್ಜಿ ಇಂಗೇ ಎರಡು ಕಿತ ಮೀಟ್ತಿದ್ಲು. ಆ ಮನೇಲಿ ಎಲ್ರಿಗೂ ಅದೇ ಚಾಳಿ."

ನಾನೇನು ಮಾಡಿದೆ ಹೇಳಲೇ? ನಕ್ಕೆ. ಅಮ್ಮನ ಬೆನ್ನು ತಟ್ಟಿದೆ. ಬರಿಯ ಬೆರಳು ನೋಡಿ ಮನೆತನ ಹೇಳುವಷ್ಟು ಚೆನ್ನಾಗಿ ತೆಗೆದಿದ್ದೇನಲ್ಲ ಎಂದು ಹಿಗ್ಗಿದೆ. ಮಗ್ಗದ ಬೀದಿಯ ಮುದುಕಿಗೆ ಗೊತ್ತಾದ ಮಾತ್ರಕ್ಕೆ ತಿರುಪ್ಪೂರಿನವರಿಗೆ ಹೇಗೆ ಗೊತ್ತಾದೀತು ಎಂದುಕೊಂಡೆ ಎಂದು ಆಮೇಲೆ ನನಗೆ ನಾನೇ ಸಮಜಾಯಿಷಿ ಕೊಟ್ಟುಕೊಂಡದ್ದುಂಟು. ಅದು ಸುಳ್ಳು. ಆ ಹೊತ್ತಿನಲ್ಲಿ ನಾನು ಏನನ್ನೂ ಯೋಚಿಸಲಿಲ್ಲ. ನಿರ್ದೇಶಕಿಗೆ ಒಂದು ಫೋನ್ ಮಾಡಿದ್ದರೆ ಆ ಭಾಗ ತೆಗೆದು ಸೂಜಿಯದ್ದೋ ಚಕ್ರದ್ದೋ ಚಿತ್ರ ಹಾಕುತ್ತಿದ್ದರು. "ಎಲ್ಲ ಸರಿಯಿದೆ" ಎಂದು ಸಂದೇಶ ಕಳಿಸಿದೆ.

ಚಿತ್ರವನ್ನು ಹೊರದೇಶದಲ್ಲಿ ತೋರಿಸಿದರು, ಚೆನ್ನೈಯಲ್ಲಿ ತೋರಿಸಿದರು. ಹೋದಲ್ಲೆಲ್ಲ ಆ ಗಂಟಿನ ಮಾತೇ. ನನಗೆ ಪರಿಚಯವೇ ಇಲ್ಲದ ದೊಡ್ಡವರು ಫೋನ್ ಮಾಡಿ, ಆ ಬೆರಳುಗಳಿಗೆ ಮುಖಕ್ಕಿಂತ ಹೆಚ್ಚು ಭಾವವಿದೆ ಎಂದರು. ಕೆಲಸ ಹುಡುಕಿಕೊಂಡು ಬರತೊಡಗಿತು. ಚಿತ್ರಕ್ಕೆ ಹಣ ಹಾಕಿದ ಸಂಸ್ಥೆ ಪ್ರಚಾರಕ್ಕೆಂದು ಒಂದು ತುಣುಕು ಕತ್ತರಿಸಿ ಅಂತರ್ಜಾಲಕ್ಕೆ ಬಿಟ್ಟಿತು. ಯಾವ ತುಣುಕು ಎಂದು ಹೇಳಬೇಕಾಗಿಲ್ಲ. ಅದು ಫೋನಿನಿಂದ ಫೋನಿಗೆ ಹಾರುತ್ತ ತಿರುಪ್ಪೂರಿಗೆ ಬರಲು ಒಂದು ವಾರವೂ ಹಿಡಿಯಲಿಲ್ಲ.

ಅವಳ ಫೋನ್ ಬಂದದ್ದು ಒಂದು ಮಧ್ಯಾಹ್ನ. ಎಂದೂ ಆ ಹೊತ್ತಿನಲ್ಲಿ ಮಾಡಿದವಳಲ್ಲ, ಅದು ಕಂಪನಿಯ ಹೊತ್ತು. ಅಳುತ್ತಿರಲಿಲ್ಲ. ನಡೆದದ್ದನ್ನು ಹೇಳಿದಳು. ಊಟದ ಬಿಡುವಿನಲ್ಲಿ ಪಕ್ಕದ ಮಷಿನ್ನಿನ ಹುಡುಗಿ ಫೋನ್ ಹಿಡಿದುಕೊಂಡು ಓಡಿಬಂದು, "ಅಕ್ಕಾ, ಇದು ಉಂಗ ಕೈದಾನೇ!" ಎಂದು ಕೂಗಿದಳಂತೆ. ನಿಮ್ಮ ಕೈಯಲ್ಲವೇ ಎಂದು, ಸಿನಿಮಾದಲ್ಲಿ ಬಂದಿದ್ದೀರಿ ಎಂಬ ಸಂತೋಷದಲ್ಲಿ. ಇನ್ನೂ ನಾಲ್ಕು ಜನ ಬಂದು ನೋಡಿದರಂತೆ, ಎಲ್ಲರಿಗೂ ಖುಷಿಯೇ. ಆ ಮಕ್ಕಳ ಮನಸ್ಸಿನಲ್ಲಿ ಕೆಟ್ಟದ್ದಿರಲಿಲ್ಲ. ಅಂಗೈ ಹುಣ್ಣಿಗೆ ಕನ್ನಡಿ ಬೇಕೇ? ಸಂಜೆಯ ಹೊತ್ತಿಗೆ ಸೂಪರ್‌ವೈಸರಿಗೆ ಗೊತ್ತಾಯಿತು. ಮರುದಿನ ಗೇಟಿನಲ್ಲೇ, ಆರ್ಡರ್ ಕಡಿಮೆಯಿದೆ, ಕೆಲವು ದಿನ ರೆಸ್ಟ್ ತೆಗೆದುಕೊಳ್ಳಿ, ನಾವೇ ಕರೆಯುತ್ತೇವೆ ಎಂದರಂತೆ. ಬೈಯಲಿಲ್ಲ, ವೀಡಿಯೋದ ಮಾತೆತ್ತಲಿಲ್ಲ. ಅವಳು ಬೇರೆ ಎರಡು ಕಂಪನಿಗಳಿಗೆ ಹೋಗಿ ನೋಡಿದ್ದಳು. ಅಲ್ಲಿಯೂ ಕೆಲಸದವರನ್ನು ಸೇರಿಸುವವನು ಅವಳ ಕೈಯನ್ನೊಮ್ಮೆ ನೋಡಿ, ಹೇಳಿ ಕಳಿಸುತ್ತೇವೆ ಎಂದಿದ್ದ.



"ನಿನ್ ತಪ್ಪಿಲ್ಲಣ್ಣಾ. ಮೊಕ ತೋರಿಸಲ್ಲ ಅಂದೆ, ನೀನು ತೋರಿಸಲಿಲ್ಲ" ಎಂದಳು ಅವಳು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು.

ಬೆಂಕಿ ಬಿದ್ದ ಮೇಲೆ ಬಾವಿ ತೋಡಲು ಹೊರಟೆ. ನಿರ್ದೇಶಕಿಗೆ ಫೋನ್ ಮಾಡಿದೆ, ಆಕೆ ಅತ್ತೇಬಿಟ್ಟರು. ತಮ್ಮಲ್ಲಿದ್ದದ್ದನ್ನೆಲ್ಲ ಅಂತರ್ಜಾಲದಿಂದ ಆವತ್ತೇ ತೆಗೆದರು. ಆದರೆ ಸಂಸ್ಥೆಯ ತುಣುಕು ಸಂಸ್ಥೆಯದು. ಅವರ ಕಚೇರಿಗೆ ಬರೆದೆವು. ಹದಿನೈದು ದಿನಕ್ಕೆ ಉತ್ತರ ಬಂತು: ಘಟನೆ ವಿಷಾದಕರ, ಆದರೆ ಮುಖವಾಗಲಿ ದನಿಯಾಗಲಿ ಹೆಸರಾಗಲಿ ಇಲ್ಲವಾದ್ದರಿಂದ ನಿಯಮ ಮುರಿದಂತಾಗಿಲ್ಲ; ಆಕೆ ಒಪ್ಪಿದರೆ ಚಿತ್ರದ ಕೊನೆಯಲ್ಲಿ ಕೃತಜ್ಞತೆಯ ಸಾಲಿನಲ್ಲಿ ಆಕೆಯ ಹೆಸರು ಸೇರಿಸಲು ಸಿದ್ಧ. ಓದಿ ನಗಬೇಕೋ ತಲೆ ಚಚ್ಚಿಕೊಳ್ಳಬೇಕೋ ತಿಳಿಯಲಿಲ್ಲ. ಆಮೇಲೆ ಅವರು ಅದನ್ನು ತೆಗೆದರು, ನಿಜ. ಅಷ್ಟರಲ್ಲಿ ತುಣುಕು ಸಾವಿರ ಫೋನುಗಳಲ್ಲಿ ಉಳಿದುಕೊಂಡಿತ್ತು. ಕಂಪನಿಯ ಮ್ಯಾನೇಜರನ್ನು ನಾನೇ ಹೋಗಿ ಕಾಣುತ್ತೇನೆ ಎಂದಾಗ ಅವಳು ಗಾಬರಿಯಾದಳು. "ಬ್ಯಾಡಣ್ಣಾ, ನೀನು ಅಲ್ಲಿಗೆ ಓದ್ರೆ ಅದು ನಾನೇ ಅಂತ ಸಾಕ್ಷಿ ಏಳಿದಂಗೆ" ಎಂದಳು. ಅವಳು ಹೇಳಿದ್ದು ಸರಿಯಾಗಿತ್ತು. ನಾನು ಯಾವ ಕಡೆ ಕಾಲಿಟ್ಟರೂ ಅವಳ ಕಾಲಿನ ಕೆಳಗಿನ ಮಣ್ಣೇ ಕುಸಿಯುವಂತಿತ್ತು.

ಕೊನೆಗೆ ನನಗೊಂದು ಕೆಟ್ಟ ಉಪಾಯ ಹೊಳೆಯಿತು. ಅದನ್ನು ಬರೆಯಲು ನಾಚಿಕೆಯಾಗುತ್ತದೆ. ಅದೇ ಗಂಟನ್ನು ಅಮ್ಮನಿಂದ ಹಾಕಿಸಿ, ಅದೇ ಬೆಳಕಿನಲ್ಲಿ ತೆಗೆದು, ಚಿತ್ರದಲ್ಲಿರುವ ಕೈ ಸಿರುಮುಗೈಯ ಒಬ್ಬ ಮಗ್ಗದ ಹೆಂಗಸಿನದು ಎಂದು ಹರಡಿಬಿಡುವುದು. ಇಪ್ಪತ್ತು ವರ್ಷ ಕಂಡದ್ದನ್ನು ಕಂಡಂತೆ ತೋರಿಸುತ್ತೇನೆ ಎಂದು ಎಲ್ಲರ ಮುಂದೆ ಬೀಗಿದವನು ಸುಳ್ಳು ಚಿತ್ರ ಕಟ್ಟಲು ಹೊರಟೆ. ನಾಚಿಕೆಯಿದ್ದರೂ ಅದರ ಬಗ್ಗೆ ನನಗೆ ಪಶ್ಚಾತ್ತಾಪವಿಲ್ಲ. ಆಗಿದ್ದರೆ ಮಾಡಿಯೇ ಬಿಡುತ್ತಿದ್ದೆ.

ಅಮ್ಮನನ್ನು ಕಿಟಕಿಯ ಪಕ್ಕ ಕೂರಿಸಿದೆ. ಕಾರಣ ಹೇಳಿದೆ. ಅವಳು ನೂಲು ತೆಗೆದುಕೊಂಡಳು. ಎಡಗೈ ಹೆಬ್ಬೆರಳು ಬಾಗಲಿಲ್ಲ. ಅಪ್ಪ ತೀರಿಕೊಂಡ ಮೇಲೆ ಮಗ್ಗ ಕಳಚಿ ಹತ್ತು ವರ್ಷವಾಗಿತ್ತು. ಬೆರಳಿನ ಗಿಣ್ಣುಗಳು ಊದಿ ನಿಂತಿದ್ದವು. ನೂಲು ಜಾರಿತು. ಎರಡನೆಯ ಸಲವೂ ಜಾರಿತು. ಮೂರನೆಯ ಸಲ ಹೇಗೋ ಗಂಟು ಬಿತ್ತು, ಮೀಟುವುದು ಮಾತ್ರ ಆಗಲಿಲ್ಲ. "ಅದು ಆ ಮನೆ ಚಾಳಿ, ನನ್ಗೆ ಬರಲ್ಲ. ಬಂದ್ರೂ ಇದು ಮುದುಕಿ ಕೈ, ಯಾರ್ ನಂಬ್ತಾರೆ?" ಎಂದಳು. ಕ್ಯಾಮೆರಾ ನಿಲ್ಲಿಸಿ ಆ ನೂಲನ್ನು ನಾನೇ ತೆಗೆದುಕೊಂಡೆ. ಮಗ್ಗದ ಮನೆಯ ಮಗನಾಗಿಯೂ ನನಗೆ ಆ ಗಂಟು ಹಾಕಲು ಬರಲಿಲ್ಲ. ಹನ್ನೊಂದು ಸಲ ಹತ್ತಿರದಿಂದ ತೆಗೆದಿದ್ದೆ, ಎಷ್ಟೋ ಸಲ ನೋಡಿದ್ದೆ. ಬೆರಳಿಗೆ ಏನೂ ಬಂದಿರಲಿಲ್ಲ.

ಅಮ್ಮ ನನ್ನ ಒದ್ದಾಟ ನೋಡುತ್ತ ಕೂತಿದ್ದಳು. ಆಮೇಲೆ ಮೆಲ್ಲಗೆ, "ನಾನು ಅವತ್ತೇ ಏಳಿದ್ನಲ್ಲೋ?" ಎಂದಳು.

ಅವಳು ಆಪಾದಿಸುತ್ತಿರಲಿಲ್ಲ, ಕೇಳುತ್ತಿದ್ದಳು. ನಾನು ಕ್ಯಾಮೆರಾ ಬಿಚ್ಚಿ ಚೀಲಕ್ಕೆ ತುಂಬಿದೆ.

ಆ ತಂಗಿಗೆ ಬೇರೆ ಕೆಲಸ ಸಿಕ್ಕಿದೆ ಎಂದು ತಿಳಿದದ್ದು ಒಂದು ವರ್ಷದ ಮೇಲೆ. ಮನೆ ಖಾಲಿ ಮಾಡಿ ಕರುಮತ್ತಂಪಟ್ಟಿಗೆ ಹೋಗಿದ್ದರು. ಅಲ್ಲಿನ ಪವರ್‌ಲೂಮ್ ಶೆಡ್ಡುಗಳಲ್ಲಿ ಒಂದು ಹಾಸು, ಅಂದರೆ ಉದ್ದೆಳೆಗಳ ಸುರುಳಿ, ಮುಗಿದಾಗ ಹೊಸ ಹಾಸಿನ ಎಳೆಗಳನ್ನು ಹಳೆಯದರ ತುದಿಗಳಿಗೆ ಒಂದೊಂದಾಗಿ ಕೂಡಿಸಬೇಕು, ಸಾವಿರಾರು ಎಳೆ. ಅದಕ್ಕೆಂದೇ ಶೆಡ್ಡಿನಿಂದ ಶೆಡ್ಡಿಗೆ ಹೋಗುವವರಿದ್ದಾರೆ. ಅವಳು ಅವರಲ್ಲೊಬ್ಬಳಾಗಿದ್ದಳು. ಕಿಟಕಿ ಇಲ್ಲ, ಫ್ಯಾನ್ ಇಲ್ಲ, ಇಂದು ಇಲ್ಲಿ ನಾಳೆ ಎಲ್ಲೋ. ಕೈಮಡಿಯಿಂದ ಟೈಲರ್ ಆಗಲು ಪಟ್ಟ ಅಷ್ಟು ವರ್ಷಗಳ ಪಾಡು ಯಾವ ಲೆಕ್ಕಕ್ಕೂ ಬರಲಿಲ್ಲ. ಮದುವೆಗೆ ಮುಂಚೆ ತವರಿನಲ್ಲಿ ಅಜ್ಜಿ ಕಲಿಸಿದ್ದೇ ಮತ್ತೆ ಗತಿಯಾಯಿತು.

ಮೊನ್ನೆ ಬೇಸಿಗೆಯಲ್ಲಿ ಅವಳನ್ನು ನೋಡಲು ಹೋದೆ. ಒಂದು ವಿಷಯ ಹೇಳಿಬಿಡಬೇಕೆಂದು ಹೋಗಿದ್ದೆ. ಅಮ್ಮ ಮೊದಲೇ ಗುರುತು ಹಿಡಿದದ್ದು, ನಾನು ನಕ್ಕದ್ದು, ಹತ್ತು ದಿನ ಸಮಯವಿದ್ದದ್ದು. ನಿನ್ನ ತಪ್ಪಿಲ್ಲ ಎಂಬ ಅವಳ ಮಾತನ್ನು ಹಾಗೆಯೇ ಇಟ್ಟುಕೊಂಡಿರಲು ನನ್ನಿಂದ ಆಗುತ್ತಿರಲಿಲ್ಲ. ಕ್ಯಾಮೆರಾವನ್ನು ಮನೆಯಲ್ಲೇ ಬಿಟ್ಟು ಬಸ್ಸು ಹತ್ತಿದೆ.

ಶೆಡ್ಡಿನಲ್ಲಿ ಉಳಿದ ಮಗ್ಗಗಳು ಕಿವಿ ಒಡೆಯುವಂತೆ ಹೊಡೆದುಕೊಳ್ಳುತ್ತಿದ್ದವು. ಮೂಲೆಯಲ್ಲಿ ನಿಲ್ಲಿಸಿದ ಒಂದು ಮಗ್ಗದ ಹಿಂದೆ ಅವಳು ನನಗೆ ಓರೆಯಾಗಿ ಬೆನ್ನು ಹಾಕಿ ಕೂತಿದ್ದಳು. ಬಾಗಿಲಿನಿಂದಲೇ ಅವಳ ಕೈ ಕಾಣಿಸುತ್ತಿತ್ತು. ಅಡ್ಡ ಹಿಡಿದು, ಸುತ್ತಿ, ಒತ್ತಿ, ಎಳೆದು, ಎರಡು ಸಲ ಮೀಟಿ, ಮುಂದಿನ ಎಳೆಗೆ. ನಾನು ಅಲ್ಲೇ ನಿಂತುಬಿಟ್ಟೆ. ಬೆಳಕು ಎಡಗಡೆಯಿಂದ ಬೀಳುತ್ತಿದೆ, ಇನ್ನೆರಡು ಹೆಜ್ಜೆ ಬಲಕ್ಕೆ ಸರಿದರೆ ಚೆನ್ನಾಗಿ ಸಿಗುತ್ತದೆ ಎಂದು ಆಗಲೂ ನನ್ನ ಹಾಳು ಕಣ್ಣು ಲೆಕ್ಕ ಹಾಕಿತು.

ಯಾರೋ ಕೂಗಿ ಹೇಳಿರಬೇಕು, ಅವಳು ತಿರುಗಿದಳು. ನನ್ನನ್ನು ಕಂಡು ಮುಖ ತುಂಬ ನಕ್ಕಳು. "ಬಾಣ್ಣಾ, ಬಾ, ಬಾ!" ಎಂದಳು. ಕರೆಯುತ್ತಲೇ ಎರಡೂ ಕೈಗಳನ್ನು ಸೆರಗಿನೊಳಗೆ ಸೇರಿಸಿಕೊಂಡಳು.

ಬೇಕೆಂದು ಮಾಡಿದ್ದಲ್ಲ. ಅವಳಿಗೆ ಅದು ಗೊತ್ತೇ ಇರಲಿಲ್ಲ ಎನಿಸುತ್ತದೆ. ಅಮ್ಮ ಹೇಗಿದ್ದಾಳೆ ಎಂದು ಕೇಳಿದಳು. ಅತ್ತೆ ತೀರಿಕೊಂಡದ್ದನ್ನು ಹೇಳಿದಳು. ಗಂಡ ಇಲ್ಲೇ ಒಂದು ಶೆಡ್ಡಿನಲ್ಲಿ ನಾಲ್ಕು ಮಗ್ಗ ನೋಡಿಕೊಳ್ಳುತ್ತಾನೆ ಎಂದಳು. ಸದ್ದಿಗೆ ಇಬ್ಬರೂ ಕೂಗಿ ಕೂಗಿ ಮಾತಾಡಿದೆವು. ಶೆಡ್ಡಿನವರ ಮನೆಯಾಕೆಗೆ ಹೇಳಿ ಟೀ ತರಿಸಿದಳು. ಆಕೆ ಎರಡು ಲೋಟಗಳನ್ನು ನಮ್ಮ ನಡುವಿನ ಬೆಂಚಿನ ಮೇಲಿಟ್ಟು ಹೋದರು.

"ಇವತ್ತು ಕ್ಯಾಮೆರಾ ತರಲಿಲ್ವಾಣ್ಣಾ?"

"ಇಲ್ಲಮ್ಮಾ. ಸುಮ್ನೆ ಬಂದೆ."

"ಆಮಾ, ಔದು, ಸುಮ್ನೆನೂ ಬರ್ಬೇಕು" ಎಂದು ನಕ್ಕಳು. ಕೈ ಹೊರಗೆ ಬರಲಿಲ್ಲ.

ಹೇಳಬೇಕೆಂದು ಬಂದದ್ದು ನಾಲಿಗೆಯ ತುದಿಯಲ್ಲಿತ್ತು. ಅದನ್ನು ಆ ಮಗ್ಗಗಳ ಸದ್ದಿನಲ್ಲಿ ಕೂಗಿ ಹೇಳಬೇಕಿತ್ತು. ಹೇಳಿದರೆ ನನ್ನ ಎದೆಯ ಭಾರ ಇಳಿಯುತ್ತಿತ್ತು, ಅವಳಿಗೆ ಸಿಗುವುದೇನು? ಒಬ್ಬ ಅಣ್ಣ ಕಡಿಮೆಯಾಗುತ್ತಿದ್ದ, ಅಷ್ಟೇ. ನಾನು ಏನೂ ಹೇಳಲಿಲ್ಲ. ಅವಳ ಲೋಟದ ಟೀಯ ಮೇಲೆ ಕೆನೆ ಕಟ್ಟುತ್ತಿತ್ತು. "ಕುಡಿಯಮ್ಮಾ, ಆರೋಗ್ತೈತೆ" ಎಂದೆ. "ಕುಡಿತೀನಿ, ನೀನು ಕುಡಿ" ಎಂದಳು. ನನ್ನದನ್ನು ಬಾಯಿ ಸುಡುವ ಹಾಗೆ ಎರಡೇ ಗುಟುಕಿಗೆ ಮುಗಿಸಿ ಎದ್ದೆ. ನಾನು ಹೊರಗೆ ಹೋಗುವ ತನಕ ಅವಳು ಆ ಲೋಟ ಎತ್ತುವುದಿಲ್ಲ ಎಂದು ನನಗೆ ಗೊತ್ತಾಗಿತ್ತು.